ನೀಲಿ ಹಾಕದೆ ಬಳಿದ ಆಕಾಶ

ನನ್ನ ಮೊಮ್ಮಗಳು ಆ ಕೋಣೆಗೆ ಕಾಲಿಟ್ಟ ಕೂಡಲೇ ಅಳುತ್ತಿದ್ದಳು. ಕಾಲಿಟ್ಟ ಅಂದೆನಲ್ಲ, ಕಾಲು ಅವಳಮ್ಮನದು, ಇವಳಿಗಿನ್ನೂ ಅಂಬೆಗಾಲು. ಲಿಫ್ಟಿನಲ್ಲಿ ಅಮ್ಮನ ಸೊಂಟದ ಮೇಲೆ ಕೂತು ಕನ್ನಡಿಯಲ್ಲಿ ತನ್ನನ್ನೇ ನೋಡಿ ನಗುತ್ತಾ ಇಳಿಯುವಳು. ಕೆಳಗೆ ಬಾಗಿಲು ತೆರೆದು ಒಳಗೆ ಬಂದು ಒಮ್ಮೆ ತಲೆ ಎತ್ತಿದಳೆಂದರೆ ಮುಗಿಯಿತು. ಕೆಳತುಟಿ ಮುಂದಕ್ಕೆ ಬಂದು, ಗಲ್ಲ ನಡುಗಿ, ಆಮೇಲೆ ಮೇಲಿನ ಮಹಡಿಗೂ ಕೇಳುವ ಹಾಗೆ ರಾಗ. ಆ ಕೆಳತುಟಿ ಎಷ್ಟು ಚೆಂದವೆಂದರೆ, ಅವಳು ಅಳುವಾಗ ನಾನು ನಗುತ್ತಾ ನಿಂತುಬಿಡುತ್ತಿದ್ದೆ. ಮಗಳು ಬೈಯುತ್ತಿದ್ದಳು.

ಅವಳ ವಿಷಯ ಶುರು ಮಾಡಿದರೆ ಕೆಲಸದ ಮಾತು ಬರುವುದೇ ಇಲ್ಲ. ಕಾಡುಗೋಡಿಯ ಪೇಂಟ್ ಅಂಗಡಿಯವನು ನನ್ನನ್ನು ಕಂಡ ಕೂಡಲೇ, "ಯಜಮಾನ್ರೇ, ಫೋಟೊ ಆಮೇಲೆ ತೋರ್ಸಿ, ಮೊದ್ಲು ಶೇಡ್ ನಂಬರ್ ಹೇಳಿ" ಅನ್ನುತ್ತಾನೆ. ಏನು ಮಾಡಲಿ, ನನಗೆ ಇರುವುದು ಒಬ್ಬಳೇ ಮಗಳು. ಅವಳಿಗೆ ಮಕ್ಕಳಾಗುವುದಿಲ್ಲ ಅಂತ ಊರೆಲ್ಲ ಮಾತಾಡಿ ಸುಮ್ಮನಾದ ಮೇಲೆ ಹುಟ್ಟಿದ ಕೂಸು ಇದು.

ಕೋಣೆ ಇದ್ದದ್ದು ಕುಂದಲಹಳ್ಳಿ ಕಡೆಯ ಒಂದು ಕಂಪನಿ ಬಿಲ್ಡಿಂಗಿನ ನೆಲಮಾಳಿಗೆಯಲ್ಲಿ. ಮಗಳು ಅದೇ ಬಿಲ್ಡಿಂಗಿನ ಪ್ಯಾಂಟ್ರಿಯಲ್ಲಿ ಕೆಲಸಕ್ಕಿದ್ದಾಳೆ. ಕೆಲಸಕ್ಕೆ ಬರುವ ತಾಯಂದಿರು ಮಕ್ಕಳನ್ನು ಬಿಡಲಿ ಅಂತ ಅಲ್ಲಿ ಒಂದು ಮಕ್ಕಳ ಕೋಣೆ ತೆರೆಯುವವರಿದ್ದರು. ಕಂಪ್ಯೂಟರಿನ ಮುಂದೆ ಕೂರುವವರ ಮಕ್ಕಳಿಗೂ ಜಾಗ, ನೆಲ ಒರೆಸುವವರ ಮಕ್ಕಳಿಗೂ ಜಾಗ. ಬಣ್ಣದ ಕೆಲಸ ನನಗೆ ಬಂತು. ಬಿಲ್ಡಿಂಗಿನ ಉಸ್ತುವಾರಿ ಸಾರ್ ಕೋಣೆ ತೋರಿಸಿ, "ಯಜಮಾನ್ರೇ, ಇಲ್ಲಿ ಕಿಟಕಿ ಕೊಡೋಕೆ ಆಗಲ್ಲ. ಆಚೆ ಕಡೆ ಕಾರ್ ಪಾರ್ಕಿಂಗು. ಅದಕ್ಕೆ ಈ ಉದ್ದನೆ ಗೋಡೆಗೂ ಮೇಲಕ್ಕೂ ಸೇರಿಸಿ ಒಂದು ಆಕಾಶ ಮಾಡಿಕೊಡಿ" ಅಂದರು. ಕಿಟಕಿಗಿಂತ ಆಕಾಶ ಸುಲಭ ಅನ್ನುವ ಹಾಗೆ ಹೇಳಿದರು. ನಾನೂ ಹಾಗೇ ಅಂದುಕೊಂಡೆ.

ಕೋಣೆ ರೂಢಿಯಾಗಲಿ ಅಂತ ಮಧ್ಯಾಹ್ನದ ಹೊತ್ತು ಒಂದಿಷ್ಟು ಹೊತ್ತು ಮಕ್ಕಳನ್ನು ಅಲ್ಲಿಗೆ ತರುತ್ತಿದ್ದರು. ಬೇರೆ ಮಕ್ಕಳು ಆಟದ ಸಾಮಾನು ಕಂಡು ಸುಮ್ಮನಾಗುತ್ತಿದ್ದವು. ನಮ್ಮವಳು ಮಾತ್ರ ಮೇಲೆ ನೋಡುವುದು, ಅಳುವುದು. ಒಂದು ದಿನ ಮಗಳು ಅವಳನ್ನು ಎತ್ತಿಕೊಂಡು ಮೆಟ್ಟಿಲ ಮೇಲೆ ಕೂತಳು.

"ಅಪ್ಪ, ನಂಗೆ ಈ ಕೆಲಸ ಇಷ್ಟ. ಆದ್ರೆ ಇವಳನ್ನ ಇಂಗೆ ಗವಿಯೊಳಗೆ ಅಳಿಸಿಕೊಂಡು ನಾನು ಮೇಲೆ ಕಾಫಿ ಕೊಡ್ತಾ ನಿಲ್ಲಲ್ಲ. ಕೋಣೆ ಶುರುವಾದ ದಿನಾನೂ ಅತ್ರೆ ಬಿಟ್ಟುಬಿಡ್ತೀನಿ."

"ಬಣ್ಣ ಆಗ್ಲಿ ತಡಿ."

"ಬಣ್ಣ ನೋಡಿ ಯಾವ ಮಗು ಅಳು ನಿಲ್ಸುತ್ತಪ್ಪ?"

ಮನೆಯಲ್ಲಿ ನನ್ನ ಹೆಂಡತಿ ಇದ್ದಿದ್ದರೆ ಮೊಮ್ಮಗಳನ್ನು ನೆಲಕ್ಕೇ ಬಿಡುತ್ತಿರಲಿಲ್ಲ. ಅವಳು ತೀರಿಹೋಗಿದ್ದಾಳೆ. ಅಳಿಯನಿಗೆ ಪೀಣ್ಯದಲ್ಲಿ ಶಿಫ್ಟು. ಕೂಸು ಈ ಕೋಣೆಯಲ್ಲಿ ನಗಬೇಕು, ಇಲ್ಲ ಮಗಳು ಮನೆಗೆ ಬರಬೇಕು.

ಮೊದಲನೆಯ ಸಲ ಅಂಗಡಿಯ ಶೇಡ್ ಕಾರ್ಡಿನಲ್ಲಿ ಆಕಾಶ ಅಂತ ಬರೆದಿದ್ದ ನೀಲಿಯನ್ನೇ ಮಷೀನಿನಲ್ಲಿ ಕಲೆಸಿ ತಂದೆ. ಪುಟ್ಟಿ ಉಜ್ಜಿ, ಗೋಡೆ ಚಾವಣಿ ಸೇರುವ ಮೂಲೆಯನ್ನು ಗುಂಡಗೆ ತುಂಬಿ, ಪ್ರೈಮರ್ ಹೊಡೆದು, ವಾಸನೆ ಬಾರದ ಪೇಂಟು ಎರಡು ಕೈ ಬಳಿದೆ. ಒಣಗಿದ ಮೇಲೆ ನೋಡಿದರೆ ಆಸ್ಪತ್ರೆ. ಗೋಡೆ ಗೋಡೆಯಾಗಿಯೇ ನಿಂತಿದೆ, ನೀಲಿ ಅಂಗಿ ತೊಟ್ಟುಕೊಂಡಿದೆ ಅಷ್ಟೆ. ಮೇಲೆ ಮೋಡ ಬರೆದರೆ ಸರಿಹೋಗಬಹುದು ಅಂತ ಸ್ಪಂಜಿನಲ್ಲಿ ಬಿಳಿ ಒತ್ತಿದೆ. ಮಗಳು ಬಂದು ನೋಡಿ, "ಇಡ್ಲಿ ಚೆನ್ನಾಗಿ ಉಬ್ಬಿದೆ ಅಪ್ಪ" ಅಂದಳು. ಮೊಮ್ಮಗಳು ಇಡ್ಲಿ ನೋಡಿಯೂ ಅತ್ತಳು.

ಎರಡನೆಯ ಸಲ ಮೇಲೆ ಕಡು, ಕೆಳಗೆ ತಿಳಿ ಮಾಡಲು ಹೋದೆ. ಹಸಿ ಇರುವಾಗಲೇ ಒಂದಕ್ಕೊಂದು ಎಳೆದೆ. ಒಣಗಿದ ಮೇಲೆ ಪಟ್ಟೆ ಪಟ್ಟೆ ಎದ್ದಿತು, ಲುಂಗಿ ಒಣಹಾಕಿದ ಹಾಗೆ.

ಉಸ್ತುವಾರಿ ಸಾರ್ ಒಳ್ಳೆಯವರು, ಗದರಲಿಲ್ಲ. ಮೊಬೈಲಿನಲ್ಲಿ ಒಂದು ಚಿತ್ರ ತೋರಿಸಿದರು. ಜಿರಾಫೆ, ಬಲೂನು, ನಗುವ ಸೂರ್ಯ ಇರುವ ಸ್ಟಿಕ್ಕರ್ ಶೀಟು.

"ಇದನ್ನ ಅಂಟಿಸಿಬಿಡೋಣ. ಆಯುಧಪೂಜೆ ರಜೆ ಮುಗಿದ ತಕ್ಷಣ ಶೀಟಿನವರು ಬರ್ತಾರೆ. ನಿಮ್ ಕೂಲಿಗೇನೂ ತೊಂದರೆ ಇಲ್ಲ."

"ರಜೆ ಮುಗಿಯೋವರೆಗೂ ನಂಗೆ ಬಿಡಿ ಸಾರ್."

"ಬಿಡ್ತೀನಿ. ಆದ್ರೆ ಲುಂಗಿ ಬೇಡ."

ಆ ಮಕ್ಕಳ ಕೋಣೆಗೆ ಒಬ್ಬರು ಟೀಚರನ್ನು ನೇಮಿಸಿದ್ದರು. ಸಣ್ಣ ವಯಸ್ಸು, ಕಾಲೇಜಿನಲ್ಲಿ ವಿಜ್ಞಾನ ಓದಿದವರು. ಆಟದ ಸಾಮಾನು ಜೋಡಿಸುತ್ತಾ ಅಲ್ಲೇ ಇರುತ್ತಿದ್ದರು. ನಾನು ಏಣಿ ಮೇಲೆ ಕೂತು ಗೊಣಗುವುದನ್ನು ಕೇಳಿ ಒಂದು ದಿನ, "ತಾತ, ಆಕಾಶದಲ್ಲಿ ನೀಲಿ ಬಣ್ಣ ಅನ್ನೋದೇ ಇಲ್ಲ ಗೊತ್ತಾ?" ಅಂದರು.

"ಇಲ್ದೆ ಇದ್ರೆ ದಿನಾ ನಾವು ನೋಡೋದು ಏನು ಮೇಡಂ?"

ತೋರಿಸುತ್ತೇನೆ ಅಂದು ಹಾಲುಣಿಸುವ ಬಾಟಲಿಯಲ್ಲಿ ನೀರು ತುಂಬಿದರು. ಅದಕ್ಕೆ ಕೆಲವೇ ತೊಟ್ಟು ಹಾಲು ಬಿಟ್ಟು ಕುಲುಕಿದರು. ಬಾಟಲಿಯನ್ನು ಗೋಡೆಯ ಮುಂದೆ ಇಟ್ಟು, ಮೊಬೈಲ್ ಟಾರ್ಚನ್ನು ಒಂದು ಬದಿಯಿಂದ ಹಿಡಿದರು. "ಈಗ ಪಕ್ಕದಿಂದ ನೋಡಿ, ನೀಲಿ ಕಾಣುತ್ತೆ." ನಾನು ನೋಡಿದೆ. ನನಗೆ ನೀರು ಹಾಲು ಕಂಡಿತು. ಅವರೂ ಬಗ್ಗಿ ನೋಡಿದರು, ಅವರಿಗೂ ಅದೇ ಕಂಡಿತು. "ಕಾಲೇಜಲ್ಲಿ ಬಂದಿತ್ತಲ್ಲ" ಅಂದುಕೊಂಡು ಬಾಟಲಿಯನ್ನು ಗೋಡೆ ಬಿಟ್ಟು ಮೇಜಿನ ಮೇಲಿಟ್ಟರು. ಮೇಜಿನ ಮೇಲೆ ಅವರ ಕರಿ ಚೀಲ ಇತ್ತು. ಚೀಲದ ಮುಂದೆ ಬಂದ ಕೂಡಲೇ ಬಾಟಲಿಯೊಳಗೆ ನೀಲಿ ಎದ್ದಿತು. ಹೊಗೆಯ ಹಾಗೆ, ಎಳೆ ಮಗುವಿನ ಕಣ್ಣಿನ ಬಿಳಿ ಇರುತ್ತದಲ್ಲ, ಅಷ್ಟೇ ತೆಳ್ಳನೆಯ ನೀಲಿ.

ಆಮೇಲೆ ಅವರು, "ಈಗ ಈ ಕಡೆ ಬನ್ನಿ, ಟಾರ್ಚಿನ ಎದುರಿಗೆ" ಅಂದರು. ಎದುರಿನಿಂದ ನೋಡಿದರೆ ಅದೇ ನೀರಿನೊಳಗೆ ಟಾರ್ಚು ಕಿತ್ತಳೆ ಬಣ್ಣಕ್ಕೆ ತಿರುಗಿತ್ತು, ಮುಳುಗುವ ಸೂರ್ಯ.

"ಮೇಡಂ, ನೀಲಿ ಹಾಲು ಅಂದ್ರೆ ನಮ್ಮ ಕಡೆ ಬೈಗುಳ" ಅಂದೆ. ನಿಜವೇ. ನನ್ನ ಹೆಂಡತಿ ಹಸು ಕಟ್ಟಿ ಬೀದಿಗೆ ಹಾಲು ಹಾಕುತ್ತಿದ್ದಳು. ಯಾರಾದರೂ ಪಾತ್ರೆ ಓರೆ ಮಾಡಿ, "ಏನಕ್ಕ, ಅಂಚು ನೀಲಿಗಿದೆ" ಅಂದರೆ ನೀರು ಬೆರೆಸಿದ್ದೀಯ ಅಂತ ಅರ್ಥ. ಆವತ್ತು ಪೂರ್ತಿ ಮನೆಯಲ್ಲಿ ಒಲೆ ಹತ್ತುತ್ತಿರಲಿಲ್ಲ. ಟೀಚರ್ ನಕ್ಕು ನಕ್ಕು ಸುಸ್ತಾದರು. "ಹಂಗಾದ್ರೆ ಆಕಾಶಾನೂ ನೀರು ಬೆರೆಸಿದ ಹಾಲೇ ತಾತ" ಅಂದರು.

ಅವರು ಹೇಳಿದ್ದನ್ನು ನಾನು ಹೀಗೆ ಹಿಡಿದುಕೊಂಡಿದ್ದೇನೆ. ಬಿಸಿಲಿನಲ್ಲಿ ಎಲ್ಲ ಬಣ್ಣವೂ ಒಟ್ಟಿಗೆ ಹೊರಡುತ್ತವೆ. ಗಾಳಿ ಅಂದರೆ ಬರೀ ಬಯಲಲ್ಲ, ಕಣ್ಣಿಗೆ ಕಾಣದಷ್ಟು ಸಣ್ಣ ಸಣ್ಣ ಕಣ. ಕೆಂಪು ದೊಡ್ಡವರ ಹಾಗೆ, ಯಾರ ತಂಟೆಗೂ ಹೋಗದೆ ನೇರ ಮನೆಗೆ ಹೋಗುತ್ತದೆ. ನೀಲಿ ತುಂಟ. ಸಿಕ್ಕಸಿಕ್ಕ ಕಣಕ್ಕೆಲ್ಲ ಡಿಕ್ಕಿ ಹೊಡೆದು ಎಲ್ಲ ದಿಕ್ಕಿಗೂ ಚದುರುತ್ತದೆ. ಅದಕ್ಕೇ ನಾವು ಯಾವ ಕಡೆ ತಲೆ ಎತ್ತಿದರೂ ಅದೇ ಬಂದು ಕಣ್ಣಿಗೆ ಬೀಳುತ್ತದೆ. ಸಂಜೆ ಬಿಸಿಲು ಓರೆಯಾಗಿ ಬಹಳ ದೂರ ಗಾಳಿಯೊಳಗೇ ನಡೆದು ಬರಬೇಕು. ಬರುವ ದಾರಿಯಲ್ಲೇ ನೀಲಿ ಎಲ್ಲ ಚೆಲ್ಲಿ ಹೋಗಿ ಕೆಂಪು ಮಾತ್ರ ನಮ್ಮ ಮನೆ ಮುಟ್ಟುತ್ತದೆ.

ಆವತ್ತು ಸಂಜೆ ಕಾಡುಗೋಡಿಯ ನಮ್ಮ ತಾರಸಿ ಮೇಲೆ ಸುಮ್ಮನೆ ಕೂತೆ. ಮೊಮ್ಮಗಳು ಮಡಿಲಲ್ಲಿ. ಹೊರಗೆ ಆಕಾಶದ ಕೆಳಗೆ ಇವಳು ಒಂದು ದಿನವೂ ಅತ್ತವಳಲ್ಲ, ತಲೆ ಹಿಂದಕ್ಕೆ ಹಾಕಿ ಬಾಯಿ ತೆರೆದು ನೋಡುತ್ತಾ ಇರುತ್ತಾಳೆ, ಹಾಲಿನ ಹಲ್ಲು ಎರಡು ಕಾಣುವ ಹಾಗೆ. ನೆತ್ತಿಯ ಮೇಲೆ ಕಡು. ಇಳಿಯುತ್ತಾ ಇಳಿಯುತ್ತಾ ತಿಳಿ. ಅಪಾರ್ಟ್ಮೆಂಟುಗಳ ತಲೆ ಮುಟ್ಟುವ ಹೊತ್ತಿಗೆ ಹೆಚ್ಚುಕಮ್ಮಿ ಬಿಳಿ. ನೆತ್ತಿಗೆ ಗಾಳಿ ಕಮ್ಮಿ ದಪ್ಪ, ಅಂಚಿಗೆ ಜಾಸ್ತಿ ದಪ್ಪ, ಅದಕ್ಕೇ ಹಾಗೆ ಅಂತ ಟೀಚರ್ ಹೇಳಿದ್ದರು. ಹಿಂದಿನ ಖಾಲಿ ಸೈಟಿನಲ್ಲಿ ರಾಯಚೂರು ಕಡೆಯವರ ಶೆಡ್ಡುಗಳಿವೆ. ಅಲ್ಲಿನ ಹೆಣ್ಣುಮಗಳೊಬ್ಬಳು ಸೌದೆ ಒಲೆ ಹತ್ತಿಸಿ ರೊಟ್ಟಿ ತಟ್ಟುತ್ತಿದ್ದಳು. ಹೊಗೆ ಹೊಂಗೆ ಮರದ ಮುಂದೆ ಏಳುವಾಗ ನೀಲಿ. ಮರ ದಾಟಿ ಬೆಳಕಿನ ಮುಂದೆ ಬಂದ ಕೂಡಲೇ ಕಂದು. ಹೊಗೆ ಅದೇ. ಹಿಂದೆ ಇರುವುದು ಬೇರೆ. ಮರದ ಕತ್ತಲೆ ಹಿಂದೆ ಇದ್ದಷ್ಟು ಹೊತ್ತೂ ಅದಕ್ಕೆ ನೀಲಿ.

ಆಗ ನನ್ನ ತಲೆಗೆ ಬಂತು. ಆಕಾಶದ ಹಿಂದೆಯೂ ಕತ್ತಲೆಯೇ ಇರುವುದು. ಇಷ್ಟು ದಿನ ನಾನು ಬಿಳಿ ಗೋಡೆಗೆ ನೀಲಿ ಬಳಿಯುತ್ತಿದ್ದೆ. ಕರಿ ಗೋಡೆಗೆ ಬಿಳಿ ಬಳಿಯಬೇಕಿತ್ತು.

ರಜೆಯ ಮೊದಲ ದಿನ ಗೋಡೆ ಪೂರ್ತಿ ಮಿಂಚಿಲ್ಲದ ಕಪ್ಪು ಹೊಡೆದೆ, ಚಾವಣಿಯ ತನಕ. ಕಂಪ್ಯೂಟರುಗಳಿಗೆಲ್ಲ ಕುಂಕುಮ ಹಚ್ಚಿ ಜನ ಊರಿಗೆ ಹೋಗಿದ್ದರು. ಮಗಳು ಪ್ಯಾಂಟ್ರಿಯ ಪೂಜೆಯ ಪುರಿ, ಬಾಳೆಹಣ್ಣು ಕೊಡಲು ಕೆಳಗೆ ಬಂದವಳು ಬಾಗಿಲಲ್ಲೇ ನಿಂತಳು.

"ಅಪ್ಪ, ಹಬ್ಬದ ದಿನ ಮಕ್ಕಳ ಕೋಣೆಗೆ ಕಪ್ಪಾ?"

"ನಿನ್ನ ಮಗಳ ಕೆನ್ನೆಗೆ ದಿನಾ ಬೆಳಿಗ್ಗೆ ಇಡೋದು ಏನು, ಕುಂಕುಮಾನಾ?"

"ಅದು ದೃಷ್ಟಿಗೆ. ಒಂದು ಬೊಟ್ಟು. ಮಗೂನೇ ಅದ್ದಲ್ಲ."

"ಈ ಕೋಣೆಗೆ ದೃಷ್ಟಿ ಜಾಸ್ತಿ, ಅದಕ್ಕೆ ದೊಡ್ಡ ಬೊಟ್ಟು" ಅಂದೆ. ನಗಲಿಲ್ಲ. ಪುರಿ ಪೊಟ್ಟಣ ಏಣಿಯ ಮೇಲಿಟ್ಟು ಹೋದಳು.

ಬಿಳಿ ಪೇಂಟಿಗೆ ನೀರು ಬೆರೆಸಿ ಬೆರೆಸಿ ನೀರುಮಜ್ಜಿಗೆಗಿಂತ ತೆಳ್ಳಗೆ ಮಾಡಿದೆ. ಹಳೇ ಪಂಚೆಯಲ್ಲಿ ಸೋಸಿದೆ. ಬ್ರಷ್ಷಿನಲ್ಲಿ ಹಚ್ಚಿದರೆ ಧಾರೆಯಾಗಿ ಇಳಿಯಿತು, ಗೋಡೆ ಕಣ್ಣೀರು ಹಾಕಿದ ಹಾಗೆ. ಕಟಿಂಗ್ ಶಾಪಿನಲ್ಲಿ ತಲೆಗೆ ನೀರು ಹೊಡೆಯುವ ಬಾಟಲಿ ಇರುತ್ತದಲ್ಲ, ಅಂಥದು ತಂದು, ಮಂಜು ಬಿದ್ದ ಹಾಗೆ ದೂರದಿಂದ ಹೊಡೆದೆ. ಇದು ಕೂತಿತು. ಒಂದು ಮೂಲೆ ಮುಗಿಸಿ ಒಣಗಲು ಬಿಟ್ಟು, ಪುರಿ ತಿಂದು ಬಂದು ನೋಡಿದೆ. ಏಟು ಬಿದ್ದು ಕಂದಿದ ಮೈಯ ಬಣ್ಣ. ಆಳ ಇಲ್ಲ ಬೆಳಕು ಇಲ್ಲ, ಮಂಕು.

ಯಾಕೆ ಅಂತ ತಿಳಿಯಲು ಸ್ವಲ್ಪ ಹೊತ್ತು ಹಿಡಿಯಿತು. ಬಕೆಟ್ಟಿನ ಪಕ್ಕದಲ್ಲಿ ನೀಲಿ ಪುಡಿಯ ಪೊಟ್ಟಣ ಬಾಯಿ ತೆರೆದು ಕೂತಿತ್ತು. ಸುಣ್ಣ ಬಳಿದು ಬೆಳೆದವರು ನಾವು. ಬಿಳಿ ಕಲೆಸಿದರೆ ಅದಕ್ಕೊಂದು ಚಿಟಿಕೆ ನೀಲಿ ಹಾಕಲೇಬೇಕು, ಇಲ್ಲದಿದ್ದರೆ ಬಿಳಿ ಹಳದಿಗೆ ತಿರುಗುತ್ತದೆ. ಬಟ್ಟೆಗೂ ಅದೇ, ಗೋಡೆಗೂ ಅದೇ. ನನ್ನ ತಲೆಗೆ ಗೊತ್ತಿಲ್ಲದೆ ನನ್ನ ಕೈ ಹಾಕಿಬಿಟ್ಟಿತ್ತು. ಆಕಾಶಕ್ಕೆ ನೀಲಿ ಬೇಡ ಅಂತ ಮೇಡಂ ಹತ್ತಿರ ಪಾಠ ಹೇಳಿಸಿಕೊಂಡು ಬಂದು ಮಾಡಿದ ಮೊದಲ ಕೆಲಸ ನೀಲಿ ಹಾಕಿದ್ದು.

ಸರಿಯಾಗಿ ಅದೇ ಹೊತ್ತಿಗೆ ಉಸ್ತುವಾರಿ ಸಾರ್ ಬಂದರು. ಮೂರು ಪಾಲು ಕಪ್ಪು, ಒಂದು ಪಾಲು ಕಂದಿದ್ದು ನೋಡಿದರು. 

"ಯಜಮಾನ್ರೇ, ಇದು ಯಾವ ಊರಿನ ಆಕಾಶ?"

"ಕೈ ತಪ್ಪಿದೆ ಸಾರ್. ನಾಳೆ ಬಂದು ನೋಡಿ."

"ನಾಳೆ ಅಲ್ಲ, ನಾಳಿದ್ದು ಬರ್ತೀನಿ. ಆಮೇಲೆ ಜಿರಾಫೆ."

ಕಂದಿದ ಮೂಲೆಗೆ ಮತ್ತೆ ಕಪ್ಪು ಹೊಡೆದೆ. ನೀಲಿ ಪುಡಿಯ ಪೊಟ್ಟಣವನ್ನು ಕೋಣೆಯಿಂದ ಆಚೆಗೆ, ಕಾರು ನಿಲ್ಲುವ ಜಾಗದ ಕಸದ ಡಬ್ಬಕ್ಕೇ ಹಾಕಿ ಬಂದೆ. ಜೇಬಿನಲ್ಲಿಟ್ಟುಕೊಂಡರೆ ಕೈಯನ್ನು ನಂಬುವ ಹಾಗಿರಲಿಲ್ಲ. ಬರೀ ಬಿಳಿ, ಬರೀ ನೀರು. ಇಡೀ ಗೋಡೆಗೆ ಮೇಲಿನಿಂದ ಕೆಳಗೆ ಒಂದು ಕೈ ಮಂಜು. ಒಣಗಿದ ಮೇಲೆ ನೆತ್ತಿಯ ಭಾಗ ಬಿಟ್ಟು ಉಳಿದದ್ದಕ್ಕೆ ಇನ್ನೊಂದು ಕೈ. ಅದು ಒಣಗಿದ ಮೇಲೆ ಇನ್ನೂ ಸ್ವಲ್ಪ ಬಿಟ್ಟು ಮತ್ತೊಂದು. ಹೀಗೆ ಇಳಿಯುತ್ತಾ ಬಂದರೆ ಮೇಲೆ ಗಾಳಿ ತೆಳು, ಕೆಳಗೆ ಗಾಳಿ ದಪ್ಪ. ಬಾಟಲಿಯ ಮೂತಿ ಆಗಾಗ ಕಟ್ಟುತ್ತಿತ್ತು, ಬಿಸಿನೀರಲ್ಲಿ ಅದ್ದಿ ಊದುತ್ತಿದ್ದೆ. ಹನಿ ದಪ್ಪ ಬಿದ್ದ ಕಡೆ ಒಣ ಬ್ರಷ್ಷಿನ ತುದಿಯಿಂದ ಸವರುತ್ತಿದ್ದೆ, ಮಗುವಿನ ಹುಬ್ಬು ತೀಡಿದ ಹಾಗೆ.

ಅದು ಯಾವಾಗ ಆಯಿತು ಅಂತ ಹೇಳಲಾರೆ. ಬೆಳಗಾಗುವುದನ್ನು ಕಾಯುತ್ತಾ ಕೂತವನಿಗೆ ಬೆಳಗಾದ ಗಳಿಗೆ ಸಿಗುವುದಿಲ್ಲವಲ್ಲ, ಹಾಗೆ. ಏಣಿ ಇಳಿದು ಬಾಗಿಲ ಹತ್ತಿರ ಹೋಗಿ ತಿರುಗಿದಾಗ ಗೋಡೆ ಇರಲಿಲ್ಲ. ಗೋಡೆ ಇದ್ದ ಜಾಗದಲ್ಲಿ ದೂರ ಇತ್ತು. ನೆತ್ತಿಯಲ್ಲಿ ಕತ್ತಲೆ ಒಳಗಿಂದ ನೀಲಿಯಾಗಿ ಬರುತ್ತಿತ್ತು, ಕೆಳಗೆ ಎಲ್ಲ ಕರಗಿ ಹಾಲು. ಮಾರ್ಗಶಿರದಲ್ಲಿ ಕೋಳಿ ಕೂಗಿದ ಮೇಲೆ, ಸೂರ್ಯ ಏಳುವುದಕ್ಕೆ ಮುಂಚೆ ಒಂದು ನೀಲಿ ಇರುತ್ತದಲ್ಲ, ಅದು. ಕೈಯಲ್ಲಿ ಖಾಲಿ ಬಾಟಲಿ ಹಿಡಿದುಕೊಂಡು ನಾನು ಅಲ್ಲೇ ನೆಲದ ಮೇಲೆ ಕೂತೆ. ಬಕೆಟ್ಟಿನೊಳಗೆ ನೋಡಿದೆ, ಬಿಳಿ. ಗೋಡೆ ನೋಡಿದೆ, ನೀಲಿ. ಇಷ್ಟು ವರ್ಷ ಬಣ್ಣವನ್ನು ಡಬ್ಬಿಯಿಂದ ತೆಗೆದು ಗೋಡೆಗೆ ಹಾಕಿದ್ದೇನೆ. ಡಬ್ಬಿಯಲ್ಲಿ ಇಲ್ಲದ್ದು ಗೋಡೆಗೆ ಬಂದದ್ದು ಅದೇ ಮೊದಲು.

ಸಂಜೆಯ ಕೆಂಪು ಮಾತ್ರ ಹಾಗೆ ಬರಲಿಲ್ಲ. ಕೆಂಪಿಗೆ ಬೆಳಕು ಒಳಗಿಂದ ಹಾದು ಬರಬೇಕು, ಮೇಲಿಂದ ಬಿದ್ದರೆ ಆಗದು. ಗೋಡೆಯ ಹಿಂದೆ ಕಾರುಗಳಿವೆ, ಸೂರ್ಯನನ್ನು ಎಲ್ಲಿಂದ ತರಲಿ. ಪಡುವಣದ ತುದಿಯಲ್ಲಿ ಕೆಮ್ಮಣ್ಣಿನ ಬಣ್ಣವನ್ನೇ ತೆಳ್ಳಗೆ ಉಜ್ಜಿದೆ. ಅಷ್ಟು ಸುಳ್ಳು ಆ ಗೋಡೆಯಲ್ಲಿದೆ.

ಸಾರ್ ಹೇಳಿದ ದಿನ ಬಂದರು, ಟೀಚರೂ ಬಂದರು. ಸಾರ್ ಬಹಳ ಹೊತ್ತು ನೋಡಿ, "ಜಿರಾಫೆ ಕ್ಯಾನ್ಸಲ್" ಅಂದರು. ಆಮೇಲೆ ಟ್ಯೂಬ್‌ಲೈಟಿನ ಕಡೆ ನೋಡಿ, "ಆದ್ರೆ ಇದು ಆಕಾಶದ ಮಧ್ಯೆ ಟ್ಯೂಬ್ ನೇತಾಕಿದ ಹಾಗಿದೆ" ಅಂದರು. ಅದು ನನಗೆ ಹೊಳೆದೇ ಇರಲಿಲ್ಲ. ಎಲೆಕ್ಟ್ರಿಷಿಯನ್ನನ್ನು ಕರೆಸಿ ದೀಪಗಳನ್ನೆಲ್ಲ ಗೋಡೆಯ ಬುಡದಲ್ಲಿ ಒಂದು ಅಡ್ಡಪಟ್ಟಿಯ ಹಿಂದೆ ಬಚ್ಚಿಡಿಸಿದರು. ಹಳದಿ ದೀಪ ತೆಗೆಸಿ ಬಿಳಿ ಹಾಕಿಸಿದರು. ಬೆಳಕು ಎಲ್ಲಿಂದ ಬರುತ್ತದೆ ಅಂತ ಕಾಣದ ಹಾಗಾಯಿತು. ಆಗ ಆ ಗೋಡೆ ಇನ್ನೂ ಹಿಂದಕ್ಕೆ ಹೋಯಿತು. ಟೀಚರ್ ಕೈ ಚಾಚಿ ಮುಟ್ಟಿ ನೋಡಿದರು, ಇದೆಯೋ ಇಲ್ಲವೋ ಅಂತ.

ಕೋಣೆ ಶುರುವಾದ ದಿನ ನಾನು ಒಗೆದ ಅಂಗಿ ಹಾಕಿಕೊಂಡು ಹೋದೆ. ಕೆಲಸವೇನೂ ಇರಲಿಲ್ಲ, ಬಾಗಿಲಿಗೆ ಒಂದು ಕಡೆ ಬಣ್ಣ ಬಿಟ್ಟಿದೆ ಅಂತ ನೆಪ ಹೇಳಿದೆ. ಮಗಳು ಬಂದಳು. ಮೊಮ್ಮಗಳು ತಲೆ ಎತ್ತಿದಳು. ಮಗಳು ಅವಳ ಕೆಳತುಟಿಯನ್ನೇ ನೋಡುತ್ತಿದ್ದಳು, ನಾನು ಬ್ರಷ್ ನೋಡುತ್ತಿದ್ದೆ. ಏನೂ ಕೇಳಿಸಲಿಲ್ಲ. ಮೆಲ್ಲಗೆ ಕಣ್ಣೆತ್ತಿದರೆ, ಅವಳು ತಾರಸಿಯ ಮೇಲೆ ಮಾಡುವ ಹಾಗೆ ತಲೆ ಹಿಂದಕ್ಕೆ ಹಾಕಿ ಬಾಯಿ ತೆರೆದುಕೊಂಡಿದ್ದಾಳೆ. ರೂಢಿಯಾಗಿ ಸುಮ್ಮನಾದಳೋ, ಗೋಡೆಗೆ ಸುಮ್ಮನಾದಳೋ, ಆಗ ನನಗೆ ಗೊತ್ತಾಗಲಿಲ್ಲ. ಮಗು ಅಲ್ಲವಾ, ಕೇಳಿದರೆ ಹೇಳುತ್ತಾ.

ಸ್ವಲ್ಪ ಹೊತ್ತಿಗೆ ಟೀಚರ್ ಅವಳನ್ನು ಮಡಿಲಲ್ಲಿ ಕೂರಿಸಿಕೊಂಡು ರಾಗಿ ಸರಿ ತಿನ್ನಿಸಲು ನೋಡಿದರು. ಬಾಯಿ ಬಿಡಲಿಲ್ಲ. ಮಗಳು ಮೇಲೆ ಕೆಲಸಕ್ಕೆ ಹೊರಟವಳು ಬಾಗಿಲಲ್ಲಿ ನಿಂತು, "ಚಂದಮಾಮ ತೋರ್ಸಿ ಮೇಡಂ, ಆಗ ತಿಂತಾಳೆ, ಮನೇಲಿ ಅಂಗೇ ಅಭ್ಯಾಸ" ಅಂದಳು. ಹೇಳಿದ ಮೇಲೆ ಅವಳಿಗೇ ಹೊಳೆದು ನಾಲಿಗೆ ಕಚ್ಚಿಕೊಂಡಳು. ಇಲ್ಲಿ ಎಲ್ಲಿಯ ಚಂದಮಾಮ?

ಟೀಚರ್ ಅಭ್ಯಾಸಬಲದಿಂದ ಕೇಳಿಯೇಬಿಟ್ಟರು. "ಎಲ್ಲಿ ಪುಟ್ಟಿ, ಚಂದಮಾಮ ಎಲ್ಲಿ?"

ಮೊಮ್ಮಗಳು ತಲೆ ಎತ್ತಿದಳು. ನೆತ್ತಿಯ ಕಡು ನೀಲಿಯಿಂದ ಶುರು ಮಾಡಿ, ಈ ತುದಿಯಿಂದ ಆ ತುದಿಗೆ, ಹಾಲಿನಂಥ ಅಂಚಿನ ತನಕ ನಿಧಾನವಾಗಿ ಹುಡುಕಿದಳು. ಪಡುವಣದ ಕೆಮ್ಮಣ್ಣಿನ ಹತ್ತಿರ ಸ್ವಲ್ಪ ನಿಂತಳು. ಮತ್ತೆ ಮೇಲಕ್ಕೆ ಹೋದಳು. ಆಮೇಲೆ ಟೀಚರ ಕಡೆ ತಿರುಗಿ, ಎರಡೂ ಅಂಗೈ ಮೇಲಕ್ಕೆ ಮಾಡಿ ಅಲ್ಲಾಡಿಸಿದಳು, ಮೋಡ ಕವಿದ ರಾತ್ರಿ ತಾರಸಿಯ ಮೇಲೆ ಮಾಡುವ ಹಾಗೆ.

ಇಲ್ಲ.

ಅವಳು ಹುಡುಕಿದ್ದಳು. ಗೋಡೆಯಲ್ಲಿ ಚಂದ್ರನನ್ನು ಯಾರೂ ಹುಡುಕುವುದಿಲ್ಲ.

"ನಾಳೆ ಬರ್ತಾನೆ ಬಿಡು ಕಂದ" ಅಂತ ಮಗಳು ಬಾಗಿಲಿಂದಲೇ ಹೇಳಿದಳು. ಕೂಸು ಅದನ್ನು ಒಪ್ಪಿಕೊಂಡು ಬಾಯಿ ತೆರೆಯಿತು. ಟೀಚರ್ ಒಂದು ಚಮಚ ಇಟ್ಟರು. ಮಗಳು ಸೆರಗು ಸರಿಮಾಡಿಕೊಂಡು, ನನ್ನ ಕಡೆ ನೋಡದೆ, ಲಿಫ್ಟಿನ ಗುಂಡಿ ಒತ್ತಿ ಮೇಲಿನ ಕೆಲಸಕ್ಕೆ ಹೋದಳು.